ಸಾಕವ್ವನಿಗೆ ಶಾಲು, ಪುಟ್ಟಕ್ಕನಿಗೆ ಮೌನ

2025ರ ಜನವರಿಯಲ್ಲಿ ಉಮಾಶ್ರೀಯವರು ಹೊನ್ನಾವರದಲ್ಲಿ ಪೆರ್ಡೂರು ಮೇಳದ ರಂಗಸ್ಥಳಕ್ಕೆ ಮಂಥರೆಯಾಗಿ ಬಂದಾಗ ನಮ್ಮ ಸಾಂಸ್ಕೃತಿಕ ಲೋಕಕ್ಕೆ ಎಲ್ಲಿಲ್ಲದ ಹಿಗ್ಗು. ಹಿಗ್ಗಬೇಕಾದದ್ದೇ. ಅರವತ್ತು ದಾಟಿದ ನಟಿಯೊಬ್ಬರು ಬಡಗುತಿಟ್ಟಿನ ಹೆಜ್ಜೆ ಕಲಿತು ವೇಷ ಕಟ್ಟುವುದು ಸಣ್ಣ ಮಾತಲ್ಲ. ಆದರೆ ನಮ್ಮ ಸಾಹಿತ್ಯವಂತರು ಅವರ ಕಲಾಜೀವನವನ್ನು ಹೇಳುವ ರೀತಿ ನೋಡಿ: ‘ಒಡಲಾಳ’ ನಾಟಕದ ಸಾಕವ್ವನಿಂದ ಹೊರಡುತ್ತಾರೆ, ‘ಗುಲಾಬಿ ಟಾಕೀಸ್’ನ ರಾಷ್ಟ್ರಪ್ರಶಸ್ತಿಯ ಹತ್ತಿರ ಒಂದು ಗಳಿಗೆ ನಿಲ್ಲುತ್ತಾರೆ, ವಿಧಾನಸೌಧಕ್ಕೊಂದು ಸುತ್ತು ಹಾಕುತ್ತಾರೆ, ಆಮೇಲೆ ಸೀದಾ ಹೊನ್ನಾವರದಲ್ಲಿ ಇಳಿಯುತ್ತಾರೆ. 2021ರ ಡಿಸೆಂಬರಿನಲ್ಲಿ ಜೀ ಕನ್ನಡದಲ್ಲಿ ಶುರುವಾಗಿ ವರ್ಷಗಟ್ಟಲೆ ಮನೆಮನೆಗೆ ಬಂದ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿ ಈ ದಾರಿಯಲ್ಲಿ ಬರುವುದೇ ಇಲ್ಲ. ಬಂದರೂ ‘ಕಿರುತೆರೆಯಲ್ಲೂ ಜನಪ್ರಿಯರು’ ಎಂಬ ಅರ್ಧ ವಾಕ್ಯಕ್ಕೆ ಮುಗಿಯಿತು. ಭೇರ್ಯ, ಸಾಲಿಗ್ರಾಮದಲ್ಲಾಗಲಿ, ಹುಣಸೂರು–ಪಿರಿಯಾಪಟ್ಟಣದ ಹೊಗೆಸೊಪ್ಪಿನ ಊರುಗಳಲ್ಲಾಗಲಿ, ಎಚ್‌.ಡಿ. ಕೋಟೆ ಕಡೆಯ ಸರಗೂರಿನಲ್ಲಾಗಲಿ ಉಮಾಶ್ರೀ ಎಂದರೆ ಮೊದಲು ಪುಟ್ಟಕ್ಕ, ಆಮೇಲೆ ಮಿಕ್ಕಿದ್ದು. ಓದುಗರಿಗೆ ಗೊತ್ತಿರುವ ಇಷ್ಟು ಸತ್ಯ ಬರೆಯುವವರಿಗೆ ಯಾಕೆ ಕಾಣುವುದಿಲ್ಲ ಎಂಬುದೇ ಈ ಸಂಚಿಕೆಯ ತಕರಾರು.

ಕಾಣದ್ದಕ್ಕೆ ಕಾರಣ ಮರೆವಲ್ಲ, ಮಡಿ. ಈ ಮಡಿ ಉಮಾಶ್ರೀಯವರ ವಿಷಯದಲ್ಲಿ ಮೊದಲಿನಿಂದಲೂ ಕೆಲಸ ಮಾಡಿದೆ. ತಿಪಟೂರು ತಾಲ್ಲೂಕಿನ ನೊಣವಿನಕೆರೆಯಲ್ಲಿ 1957ರಲ್ಲಿ ಹುಟ್ಟಿದ ಈಕೆ 1984ರಲ್ಲಿ ಕಾಶೀನಾಥರ ‘ಅನುಭವ’ದಿಂದ ಸಿನಿಮಾದಲ್ಲಿ ಹೆಸರಾದರು, ಅಲ್ಲಿಂದ ಎಷ್ಟೋ ವರ್ಷ ದ್ವಂದ್ವಾರ್ಥದ ಹಾಸ್ಯಕ್ಕೆ ಗಂಟುಬಿದ್ದರು. ಅವೇ ಸಿನಿಮಾಗಳನ್ನು ಟೆಂಟಿನಲ್ಲಿ ಕೂತು ನೋಡಿ ನಕ್ಕವರು ಬರೆಯಲು ಕೂತಾಗ ಮಾತ್ರ ಮೂಗು ಮುಚ್ಚಿಕೊಂಡರು. ಸಿ.ಜಿ. ಕೃಷ್ಣಸ್ವಾಮಿಯವರ ನಿರ್ದೇಶನದಲ್ಲಿ ದೇವನೂರ ಮಹಾದೇವರ ಸಾಕವ್ವನಾಗಿ ನಿಂತಾಗ ಅದೇ ನಟಿಗೆ ಕೈಮುಗಿದರು. ಕಳೆದುಹೋದ ಹುಂಜಕ್ಕಾಗಿ ಊರೆಲ್ಲ ಶಪಿಸುವ, ಕದ್ದು ತಂದ ಕಡಲೆಕಾಯನ್ನು ಬೆಳಗಾಗುವುದರೊಳಗೆ ಮನೆಮಂದಿಯೆಲ್ಲ ತಿಂದು ಸಿಪ್ಪೆಯೂ ಸಿಗದಂತೆ ಮಾಡುವ ಸಂಸಾರಕ್ಕೆ ಯಜಮಾನಿಯಾದ ಆ ಮುದುಕಿಯ ಗತ್ತು, ಗೋಳು, ನಗೆ ಮೂರನ್ನೂ ಒಂದೇ ಉಸಿರಿನಲ್ಲಿ ಹಿಡಿಯಬೇಕು. ಮಾತು ಎಲ್ಲಿ ತಡೆದರೆ ಜನ ನಗುತ್ತಾರೆ, ಎಲ್ಲಿ ಬಿಟ್ಟರೆ ಸುಮ್ಮನಾಗುತ್ತಾರೆ ಎಂಬ ಅಂದಾಜು ಬೇಕು. ಆ ಅಂದಾಜು ನಾವು ಹೀಗಳೆದ ಹಾಸ್ಯದ ಪಾತ್ರಗಳಲ್ಲೂ ಇತ್ತು. ಒಬ್ಬಳೇ ನಟಿಯನ್ನು ಎರಡಾಗಿ ಸೀಳಿ, ಒಂದು ತುಂಡಿಗೆ ಶಾಲು ಹೊದಿಸಿ, ಇನ್ನೊಂದನ್ನು ಹಿತ್ತಲಿಗೆ ಎಸೆದವರು ನಾವು. ಪುಟ್ಟಕ್ಕನ ಕಾಲಕ್ಕೂ ನಡೆದದ್ದು ಅದೇ.

ಇದರಲ್ಲಿ ದೊಡ್ಡ ತಮಾಷೆ ‘ಗುಲಾಬಿ ಟಾಕೀಸ್’ನದು. ವೈದೇಹಿಯವರ ಕಥೆಯನ್ನು ಗಿರೀಶ ಕಾಸರವಳ್ಳಿಯವರು ಸಿನಿಮಾ ಮಾಡಿದರು. 2007ನೇ ಸಾಲಿನ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಉಮಾಶ್ರೀಯವರಿಗೆ ಬಂತು. ಚಿತ್ರ ಯಾವುದರ ಬಗ್ಗೆ? ಹೆರಿಗೆ ಮಾಡಿಸುವ ಬಡ ಮುಸ್ಲಿಂ ಹೆಂಗಸೊಬ್ಬಳ ಮನೆಗೆ ಟಿ.ವಿ. ಬರುತ್ತದೆ, ಮೀನುಗಾರರ ಕೇರಿಯ ಹೆಂಗಸರು ಅದರ ಮುಂದೆ ಕೂರುತ್ತಾರೆ, ಜಾತಿ ಧರ್ಮದ ಬೇಲಿ ದಾಟಿ ಆ ಮನೆಗೆ ಬರಲು ಅವರಿಗೊಂದು ನೆಪ ಸಿಗುತ್ತದೆ. ಟಿ.ವಿ. ನೋಡುವ ಗುಲಾಬಿಯ ಮೇಲೆ ನಾವು ವಿಚಾರ ಸಂಕಿರಣ ಮಾಡಬಲ್ಲೆವು. ಗುಲಾಬಿಯಂಥವರು ದಿನಾ ನೋಡುವ ಧಾರಾವಾಹಿಯ ಬಗ್ಗೆ, ಅದರಲ್ಲಿ ಅದೇ ಉಮಾಶ್ರೀ ನಟಿಸುತ್ತಿದ್ದರೂ, ಒಂದು ಪುಟ ಬರೆಯಲಾರೆವು. ಪ್ರೇಕ್ಷಕಿ ಕಲಾಕೃತಿಯೊಳಗೆ ಪಾತ್ರವಾಗಿ ಬಂದರೆ ಗೌರವ, ಹೊರಗೆ ಜಗಲಿಯ ಮೇಲೆ ಕೂತಿದ್ದರೆ ಅಸಡ್ಡೆ.

ಧಾರಾವಾಹಿಯಲ್ಲಿ ಅಭಿನಯವೆಲ್ಲಿದೆ ಎಂದು ಕೇಳುವವರಿದ್ದಾರೆ. ಅವರು ಒಂದು ಸೆಟ್ಟಿನ ದಿನಚರಿಯನ್ನಾದರೂ ತಿಳಿಯಲಿ. ದಿನಕ್ಕೆ ಇಪ್ಪತ್ತು ಚಿಲ್ಲರೆ ನಿಮಿಷದ ಕಂತು ತೆರೆಗೆ ಹೋಗಲೇಬೇಕು. ಸಂಭಾಷಣೆ ಎಷ್ಟೋ ಸಲ ಅದೇ ಬೆಳಿಗ್ಗೆ ಕೈಗೆ ಬರುತ್ತದೆ. ಕ್ಯಾಮೆರಾದ ಪಕ್ಕದಲ್ಲಿ ಸಹಾಯಕ ನಿರ್ದೇಶಕ ಪ್ರಾಂಪ್ಟ್ ಮಾಡುತ್ತಾನೆ. ಅವನ ಮಾತನ್ನು ಕಿವಿಯಲ್ಲಿ ಕೇಳುತ್ತಲೇ ಬಾಯಲ್ಲಿ ತನ್ನದಾಗಿಸಬೇಕು. ಸೋಮವಾರ ಬರುವ ಅಳುವನ್ನೂ ಗುರುವಾರ ಬರುವ ಜಗಳವನ್ನೂ ಒಂದೇ ಮಧ್ಯಾಹ್ನ, ಒಂದೇ ಅಡುಗೆಮನೆಯಲ್ಲಿ, ಹಿಂದುಮುಂದಾಗಿ ಚಿತ್ರೀಕರಿಸುತ್ತಾರೆ. ಎದುರಿನವರು ಏನೋ ಹೇಳಿದ ಮೇಲೆ ಕ್ಯಾಮೆರಾ ಮುಖದ ಹತ್ತಿರ ಬಂದು ನಿಲ್ಲುತ್ತದೆ. ಮಾತಿಲ್ಲ, ಬರೀ ಕಣ್ಣು, ಮೇಲೆ ಡೋಲು ಬಡಿಯುವ ಹಿನ್ನೆಲೆ ಸಂಗೀತ. ಆ ಸದ್ದಿನ ನಡುವೆ ಒಂದು ಮುಖ ಮನುಷ್ಯರ ಮುಖವಾಗಿ ಉಳಿಯಬೇಕು. ನಾಟಕದ ಪಾತ್ರ ಎರಡು ಗಂಟೆಗೆ ಮುಗಿಯುತ್ತದೆ, ಸಿನಿಮಾದ್ದಕ್ಕೆ ಕೊನೆ ಗೊತ್ತಿರುತ್ತದೆ. ಧಾರಾವಾಹಿಯ ಪಾತ್ರಕ್ಕೆ ಮುಂದಿನ ತಿಂಗಳು ಏನಾಗುತ್ತದೆಂದು ನಟಿಗೂ ಗೊತ್ತಿಲ್ಲ; ಗುರುವಾರದ ಟಿಆರ್‌ಪಿ ನೋಡಿ ನಿರ್ಧಾರವಾಗುತ್ತದೆ. ಇಂಥದ್ದರಲ್ಲಿ ಪುಟ್ಟಕ್ಕನನ್ನು ನೋಡಿ. ಮೂರೂ ಹೆಣ್ಣೇ ಹುಟ್ಟಿದವೆಂದು ಗಂಡ ಇನ್ನೊಬ್ಬಳ ಹಿಂದೆ ಹೋಗಿದ್ದಾನೆ, ಈಕೆ ಮೆಸ್ ನಡೆಸಿ ಮಕ್ಕಳನ್ನು ಸಾಕುತ್ತಾಳೆ. ಬರಹಗಾರರು ಕೊಟ್ಟದ್ದು ಕಣ್ಣೀರಿನ ತಾಯಿ. ಉಮಾಶ್ರೀ ಮಾಡಿದ್ದು ದುಡಿಯುವ ಹೆಂಗಸು. ‘ಅವ್ವ’ ಎಂದು ಕರೆಸಿಕೊಳ್ಳುವ, ಹಳೇ ಮೈಸೂರಿನ ಹಳ್ಳಿಯ ಮಾತನ್ನು ನಾಚದೆ ಆಡುವ ಈ ಪಾತ್ರಕ್ಕೂ ಸಾಕವ್ವನಿಗೂ ನೆಂಟಸ್ತನ ಎದ್ದು ಕಾಣುತ್ತದೆ. ಅದನ್ನು ಗುರುತಿಸಿ ಬರೆಯುವುದು ವಿಮರ್ಶಕರ ಕೆಲಸವಾಗಿತ್ತು.

ಇನ್ನು ಮಾಮೂಲಿ ಆಕ್ಷೇಪ: ಧಾರಾವಾಹಿಗಳು ಪ್ರತಿಗಾಮಿ, ಅತ್ತೆ ಸೊಸೆ ಜಗಳ, ಎಳೆದಾಟ. ಒಪ್ಪುತ್ತೇವೆ. ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಯಲ್ಲೇ ಎರಡನೆಯ ಮಗಳು ಸ್ನೇಹಾಳನ್ನು ಓದಿಸಿ ದೊಡ್ಡ ಅಧಿಕಾರಿ ಮಾಡಿ, ಆ ನಟಿ ಹೊರಟಾಗ 2024ರಲ್ಲಿ ಪಾತ್ರವನ್ನೇ ಸಾಯಿಸಿದರು. ನೋಡುಗರೇ ಸಿಟ್ಟಾದರು. ಹೆಣ್ಣುಮಗಳೊಬ್ಬಳು ಓದಿ ಮೇಲೆ ಬಂದ ಕಥೆಗೆ ಇದಕ್ಕಿಂತ ದೊಡ್ಡ ದ್ರೋಹವಿಲ್ಲ. ಆದರೆ ಆ ಸಿಟ್ಟು ತೋರಿಸಿದವರು ಯಾರು? ನಮ್ಮ ವಿಮರ್ಶಕರಲ್ಲ, ಮನೆಯ ಹೆಂಗಸರು. ಕಳಪೆಯನ್ನು ಕಳಪೆ ಎನ್ನಲಿಕ್ಕೂ ನೋಡಿರಬೇಕಲ್ಲ! ಕೆಟ್ಟ ಕಾದಂಬರಿಗಳು ರಾಶಿ ಬಂದವೆಂದು ಕಾದಂಬರಿ ವಿಮರ್ಶೆಯನ್ನು ಯಾರೂ ನಿಲ್ಲಿಸಲಿಲ್ಲ. ‘ಟಿ.ಎನ್. ಸೀತಾರಾಂ ಧಾರಾವಾಹಿಗಳು ಬೇರೆ ಬಿಡಿ’ ಎಂಬ ರಿಯಾಯಿತಿಯೂ ನಮಗೆ ಬೇಡ. 1998ರ ‘ಮಾಯಾಮೃಗ’ವನ್ನು ಹೊಗಳಿದವರು ಹೊಗಳಿದ್ದು ನಿರ್ದೇಶಕರನ್ನು, ಸಂಭಾಷಣೆಯನ್ನು. ಕಾಸರವಳ್ಳಿಯವರು ‘ಗೃಹಭಂಗ’ವನ್ನು ಧಾರಾವಾಹಿ ಮಾಡಿದಾಗ ಭೈರಪ್ಪನವರ ನಂಜಮ್ಮನ ಬಗ್ಗೆ ಮತ್ತೊಮ್ಮೆ ಚರ್ಚೆಗೆ ಕೂತವರು, ಆ ನಂಜಮ್ಮನನ್ನು ಕಂತು ಕಂತಾಗಿ ಬದುಕಿ ತೋರಿಸಿದ ಮಾಳವಿಕಾ ಅವರ ಅಭಿನಯವನ್ನು ಎಷ್ಟು ಪುಟ ವಿಶ್ಲೇಷಿಸಿದರು?

ಸತ್ತ ಮೇಲೂ ಈ ಲೆಕ್ಕ ಬದಲಾಗುವುದಿಲ್ಲ. ವೈಶಾಲಿ ಕಾಸರವಳ್ಳಿ 2010ರ ಸೆಪ್ಟೆಂಬರ್ 27ರಂದು ತೀರಿಕೊಂಡರು. ರಂಗನಟಿ ಎಂದೆವು, ‘ತಾಯಿ ಸಾಹೇಬ’ದ ವಸ್ತ್ರವಿನ್ಯಾಸಕ್ಕೆ ರಾಷ್ಟ್ರಪ್ರಶಸ್ತಿ ಪಡೆದವರು ಎಂದೆವು, ನಿರ್ದೇಶಕರ ಪತ್ನಿ ಎಂದಂತೂ ಮರೆಯದೆ ಹೇಳಿದೆವು. ಉತ್ತರ ಕರ್ನಾಟಕದ ದೊಡ್ಡ ಕುಟುಂಬವೊಂದನ್ನು ಅಲ್ಲಿಯ ಮಾತಿನ ಸಮೇತ ಈಟಿವಿ ಕನ್ನಡಕ್ಕೆ ತಂದು, ದಕ್ಷಿಣದವರಿಗೂ ಧಾರವಾಡದ ಕನ್ನಡದ ರುಚಿ ಹತ್ತಿಸಿದ ‘ಮೂಡಲ ಮನೆ’ಯ ನಿರ್ದೇಶಕಿ ಎಂಬುದು ಕೊನೆಯ ಸಾಲಿಗೆ ಬಂತು. ಅದೇ ‘ಮೂಡಲ ಮನೆ’ಯಲ್ಲಿ ನಟಿಸಿದ್ದ ಅಪರ್ಣಾ 2024ರ ಜುಲೈ 11ರಂದು ಹೋದಾಗ ಎಲ್ಲರಿಗೂ ನೆನಪಾದದ್ದು ಮೆಟ್ರೋ ರೈಲಿನ ದನಿ. ನಿರೂಪಕಿಯಾಗಿ ಅವರ ಕನ್ನಡಕ್ಕೆ ಸಾಟಿಯಿರಲಿಲ್ಲ, ನಿಜ. ಆದರೆ ಪುಟ್ಟಣ್ಣ ಕಣಗಾಲರ ಕೊನೆಯ ಚಿತ್ರ ‘ಮಸಣದ ಹೂವಿ’ನಿಂದ ಶುರುವಾಗಿ ‘ಮಜಾ ಟಾಕೀಸ್’ನ ವರಲಕ್ಷ್ಮಿಯವರೆಗೆ ಬಂದ ನಟಿ ಎಲ್ಲಿ ಹೋದರು?

ಹಿಂದೆ ಕಂಪನಿ ನಾಟಕದವರಿಗೂ ನಾವು ಇದನ್ನೇ ಮಾಡಿದ್ದೇವೆ. ಮೈಸೂರಿನಲ್ಲಿ ಹುಟ್ಟಿದ ಆರ್. ನಾಗರತ್ನಮ್ಮ 1958ರಲ್ಲಿ ಹೆಂಗಸರದೇ ಸ್ತ್ರೀ ನಾಟಕ ಮಂಡಳಿ ಕಟ್ಟಿ, ಕಂಸ, ರಾವಣರ ಪಾತ್ರ ಮಾಡಿ ಊರೂರು ಗೆದ್ದರು. ಪದ್ಮಶ್ರೀ ಬಂದದ್ದು 2012ರಲ್ಲಿ; ಅದೇ ವರ್ಷ ಅವರು ತೀರಿಕೊಂಡರು. ಕಂಪನಿಗಳು ಬಾಗಿಲು ಹಾಕಿದ ಮೇಲೆ ಅವುಗಳ ಮೇಲೆ ಪಿಎಚ್‌.ಡಿ.ಗಳು ಬಂದವು. ನಮ್ಮ ಸೀಮೆಯ ಹಬ್ಬದ ‘ಕುರುಕ್ಷೇತ್ರ’ವನ್ನೇ ತೆಗೆದುಕೊಳ್ಳಿ. ದುಡ್ಡು ಕೊಟ್ಟು ಕೃಷ್ಣನ ಪಾರ್ಟು ಹಿಡಿದವರಿಗೆ ಫ್ಲೆಕ್ಸು, ಹಾರ್ಮೋನಿಯಂ ಮೇಷ್ಟ್ರಿಗೆ ಶಾಲು, ಪೇಟ. ಇಡೀ ರಾತ್ರಿ ಆಟವನ್ನು ಎತ್ತಿ ನಿಲ್ಲಿಸುವ ದ್ರೌಪದಿ ಹೊರಗಿಂದ ಗೊತ್ತು ಮಾಡಿ ಕರೆಸಿದ ಹೆಂಗಸು. ಬೆಳಗಿನ ಜಾವ ಸಂಭಾವನೆ ಎಣಿಸಿಕೊಂಡು ಮೊದಲ ಬಸ್ಸು ಹತ್ತುತ್ತಾಳೆ. ಹಣಕ್ಕಾಗಿ ನಟಿಸುವ ಹೆಂಗಸಿಗೆ ಕಲೆ ಅಂಟುವುದಿಲ್ಲ ಎಂಬ ನಂಬಿಕೆ ಹಳ್ಳಿಯ ಸಮಿತಿಗೂ ಇದೆ, ಬೆಂಗಳೂರಿನ ನಮ್ಮ ಹಿರಿಯ ಪತ್ರಿಕೆಗಳಿಗೂ ಇದೆ. ಯುಜಿಸಿ ಸಂಬಳದ ಮೇಲೆ ಬರೆದ ವಿಮರ್ಶೆಗೆ ಮಾತ್ರ ದುಡ್ಡಿನ ಮೈಲಿಗೆ ಇಲ್ಲ.

ಬೇರೆ ಕಡೆ ಹೀಗಿಲ್ಲ. ಕೇರಳದ ಚಲಚ್ಚಿತ್ರ ಅಕಾಡೆಮಿ ಸಿನಿಮಾಕ್ಕಿರುವಂತೆಯೇ ಟೆಲಿವಿಷನ್ನಿಗೂ ರಾಜ್ಯ ಪ್ರಶಸ್ತಿ ಕೊಡುತ್ತದೆ, ತೆಲುಗಿನವರಲ್ಲಿ ಟಿ.ವಿ.ಗೆ ನಂದಿ ಪ್ರಶಸ್ತಿಗಳಿದ್ದವು. ದೂರದ ಚಿಲಿಯಲ್ಲಿ 1981ರ ‘ಲಾ ಮದ್ರಾಸ್ತ್ರಾ’ ಧಾರಾವಾಹಿಯಲ್ಲಿ ಕೊಲೆ ಮಾಡಿದವರು ಯಾರೆಂದು ದೇಶವೇ ತಲೆಕೆಡಿಸಿಕೊಂಡಿತ್ತು; ಅದರ ನಾಯಕಿ ಯಾಯೆಲ್ ಉಂಗರ್ ಅವರಿಗೆ ಇಂದಿಗೂ ಆ ಪಾತ್ರದಿಂದಲೇ ಗುರುತು. ಅಲ್ಲಿಯ ಧಾರಾವಾಹಿಗಳ ಪರಿಚಿತ ಮುಖ ಗ್ಲೋರಿಯಾ ಮ್ಯೂಂಚ್‌ಮೆಯರ್ 1990ರಲ್ಲಿ ವೆನಿಸ್ ಚಿತ್ರೋತ್ಸವದ ಶ್ರೇಷ್ಠ ನಟಿಯಾದರು, ಆಮೇಲೂ ಧಾರಾವಾಹಿ ಮಾಡಿದರು. ನಮ್ಮಲ್ಲಿ ಪರಭಾಷೆಯ ಧಾರಾವಾಹಿಗಳ ಡಬ್ಬಿಂಗ್ ಜಗಳ ಎದ್ದಾಗ ಕಿರುತೆರೆ ಕಲಾವಿದರ ಅನ್ನದ ಬಗ್ಗೆ ಕಣ್ಣೀರು ಹಾಕಿದವರು ಬೇಕಾದಷ್ಟು ಜನ. ಅವರ ಕಲೆಯ ಬಗ್ಗೆ ಕಣ್ಣೆತ್ತಿ ನೋಡಿದವರು ಕಡಿಮೆ. ಸ್ವತಃ ಕನ್ನಡ ಮತ್ತು ಸಂಸ್ಕೃತಿ ಸಚಿವೆಯಾಗಿದ್ದ ಕಲಾವಿದೆಗೇ ಈ ಗತಿಯಾದರೆ, ತಿಂಗಳಿಗೆ ಹತ್ತು ದಿನದ ಕಾಲ್‌ಶೀಟಿಗೆ ಕಾಯುವ ಅತ್ತೆ, ಅಕ್ಕ, ನಾದಿನಿ ಪಾತ್ರಗಳವರನ್ನು ಕೇಳುವವರಾರು?

ಮುಂದಿನ ಸಂಚಿಕೆ ಕಿರುತೆರೆ ನಟಿಯರ ಅಭಿನಯ ಕುರಿತದ್ದು. ಹೊಗಳಿಕೆ ಬೇಡ, ಬೈಗುಳವೂ ಬೇಡ, ವಿಮರ್ಶೆ ಬೇಕು. ಲೇಖನ ಕಳಿಸುವವರು ದಯವಿಟ್ಟು ಒಂದು ಧಾರಾವಾಹಿಯನ್ನಾದರೂ ಒಂದು ತಿಂಗಳು ಬಿಡದೆ ನೋಡಿ, ಆಮೇಲೆ ಬರೆಯಿರಿ.