ಸೌಂದರ್ಯಾ ಅವರ ನಾಗಿಯನ್ನು ಕನಕಪುರ ನೋಡಬೇಕು

2025ರ ಜುಲೈಯಲ್ಲಿ ಬಿ. ಸರೋಜಾದೇವಿಯವರು ದಿವಂಗತರಾಗಿ ಚನ್ನಪಟ್ಟಣ ತಾಲ್ಲೂಕಿನ ದಶವಾರದ ಮಣ್ಣಿನಲ್ಲಿ ಸೇರಿದಾಗ, 1955ರ ‘ಮಹಾಕವಿ ಕಾಳಿದಾಸ’ದಿಂದ ಮೊದಲುಗೊಂಡ ಅವರ ಸುದೀರ್ಘ ಕಲಾಜೀವನವನ್ನು ನಮ್ಮ ಸೀಮೆಯ ಜನ ಹೆಮ್ಮೆಯಿಂದ ಸ್ಮರಿಸಿದರು. ಮುಳಬಾಗಿಲಿನ ಕಡೆಯಿಂದ ಬಂದು ಅವರಂತೆಯೇ ಹಲವು ಭಾಷೆಗಳ ಪ್ರೇಕ್ಷಕರನ್ನು ಒಲಿಸಿಕೊಂಡ ಸೌಂದರ್ಯಾ ಅವರಿಗೆ ದೊರೆತದ್ದಾದರೋ ಹನ್ನೆರಡೇ ವರ್ಷ: 1992ರ ‘ಗಂಧರ್ವ’ದಿಂದ, 2004ರ ಏಪ್ರಿಲ್ 17ರಂದು ಜಕ್ಕೂರಿನಲ್ಲಿ ಸಂಭವಿಸಿದ ವಿಮಾನ ದುರಂತದವರೆಗೆ.

ಆ ಮರಣದ ದಾರುಣತೆಯೇ ಆಕೆಯ ಕಲೆಯನ್ನು ಮರೆಮಾಡಿದೆಯೆಂಬುದು ನನ್ನ ವ್ಯಥೆ. ತೆಲುಗಿನ ‘ಅಮ್ಮೋರು’ವಿನ ಮುಗ್ಧ ಭಕ್ತೆ, ‘ಅಂತಃಪುರಂ’ನಲ್ಲಿ ಮಗನನ್ನು ವೈಷಮ್ಯದ ಮನೆಯಿಂದ ಪಾರುಮಾಡಹೊರಟ ತಾಯಿ, ತಮಿಳಿನ ‘ಪಡೆಯಪ್ಪ’ದ ಮಿತಭಾಷಿಣಿ, ನಿಧನಾನಂತರ ತೆರೆಗೆ ಬಂದ ‘ಆಪ್ತಮಿತ್ರ’ದ ನಾಗವಲ್ಲಿ, ಇವರೆಲ್ಲರೂ ಒಬ್ಬಳೇ ನಟಿಯ ದೇಹದಲ್ಲಿ ನೆಲೆಸಿದ್ದರೆಂಬುದು ಆಶ್ಚರ್ಯವೇ ಸರಿ. ಜನ ನಾಗವಲ್ಲಿಯ ಉಗ್ರ ನೋಟವನ್ನು ನೆನೆಯುತ್ತಾರೆ. ನಾನಾದರೋ ‘ದ್ವೀಪ’ದ ನಾಗಿಯನ್ನೇ ಮೇಲೆಂದು ಎಣಿಸುತ್ತೇನೆ.

ನಾ. ಡಿಸೋಜರ ಕಥೆಯನ್ನಾಧರಿಸಿ ಗಿರೀಶ ಕಾಸರವಳ್ಳಿಯವರು ನಿರ್ದೇಶಿಸಿದ ಆ ಚಿತ್ರಕ್ಕೆ ಹಣ ಹೂಡಿದವರೂ ಸೌಂದರ್ಯಾ ಅವರೇ. ವಾಣಿಜ್ಯ ಚಿತ್ರಗಳು ಬೇಡಿದಷ್ಟು ಸಂಭಾವನೆ ಕೊಡುತ್ತಿದ್ದ ಕಾಲದಲ್ಲಿ, ಅಣೆಕಟ್ಟಿನ ನೀರು ಸುತ್ತುವರಿಯುತ್ತಿರುವ ಗುಡ್ಡದ ಮೇಲೆ ಉಳಿದ ಒಂದು ಬಡ ಕುಟುಂಬದ ಕಥೆಯನ್ನು ಆಯ್ದುಕೊಂಡ ಆ ದಿಟ್ಟತನಕ್ಕೆ ಪ್ರಶಸ್ತಿಗಿಂತ ದೊಡ್ಡ ಮರ್ಯಾದೆ ಸಲ್ಲಬೇಕು; 2001ನೆಯ ಸಾಲಿನ ಅತ್ಯುತ್ತಮ ಚಿತ್ರಕ್ಕಾಗಿ ಸ್ವರ್ಣಕಮಲವೇನೋ ಸಂದಿತು. ಮಳೆ ಹಿಡಿದ ಆ ಮನೆಯಲ್ಲಿ, ಮಾವನ ಹಠ, ಗಂಡನ ಸಂಶಯ, ಏರುತ್ತಿರುವ ನೀರು, ಇವೆಲ್ಲವನ್ನೂ ಎದುರಿಸಿ ಸಂಸಾರವನ್ನು ಉಳಿಸಿಕೊಳ್ಳುವ ನಾಗಿ, ತನ್ನ ಶ್ರಮವೆಲ್ಲವನ್ನೂ ಗಂಡ ದೇವರ ಕೃಪೆಯೆಂದು ಎಣಿಸಿಬಿಟ್ಟಾಗ, ಕಣ್ಣೀರು ಸುರಿಸದೆ, ಗಟ್ಟಿಯಾಗಿ ಪ್ರತಿಭಟಿಸದೆ, ಮುಖದಲ್ಲಿ ಮೂಡಿ ಮರೆಯಾಗುವ ನೋವಿನಿಂದಲೇ ಎಲ್ಲವನ್ನೂ ತಿಳಿಸುತ್ತಾಳೆ. ವರ್ಷಗಟ್ಟಲೆ ಹಾಡು ಕುಣಿತಗಳ ಚಿತ್ರಗಳಲ್ಲಿ ದುಡಿದೂ ಮುಖವನ್ನು ಇಷ್ಟು ನಿರಾಡಂಬರವಾಗಿ ಉಳಿಸಿಕೊಂಡವರು ವಿರಳ.

ಈ ಚಿತ್ರ ನಮ್ಮ ಸೀಮೆಗೆ ಹೊರಗಿನದಲ್ಲ. ಅರ್ಕಾವತಿಗೆ ಮಂಚನಬೆಲೆ, ಹಾರೋಬೆಲೆಗಳಲ್ಲಿ ಕಟ್ಟೆ ಕಟ್ಟಿರುವ ನಾಡಿದು. ಕನಕಪುರದಾಚೆ ಕಾವೇರಿಗೆ ಮೇಕೆದಾಟಿನಲ್ಲಿ ಮತ್ತೊಂದು ಅಣೆಕಟ್ಟು ಕಟ್ಟುವ ಮಾತು ವರ್ಷಗಳಿಂದ ನಡೆದಿದೆ. ಬೆಂಗಳೂರಿಗೆ ಕುಡಿಯುವ ನೀರು ಬೇಕೆಂಬುದನ್ನು ನಾನು ಅಲ್ಲಗಳೆಯಲಾರೆ. ಆದರೆ ಮುಳುಗುವ ಕಾಡಿನ, ಹೊಲದ ಲೆಕ್ಕವನ್ನು ಟಿಎಂಸಿಗಳಲ್ಲಿ ಮಾತ್ರ ಕೇಳಿದವರು, ಒಬ್ಬ ಹೆಂಗಸಿನ ಅಂಗಳಕ್ಕೆ ನೀರು ಬರುವುದೆಂದರೇನೆಂಬುದನ್ನು ನಾಗಿಯ ಕಣ್ಣಿನಿಂದಲೂ ಒಮ್ಮೆ ಕಾಣಬೇಕು.

‘ಶೋಲೆ’ಯ ಬಂಡೆಗಳನ್ನು ಪ್ರವಾಸಿಗರಿಗೆ ತೋರಿಸಿ ಹಿಗ್ಗುವ ರಾಮನಗರ, ಮಾಗಡಿ, ಚನ್ನಪಟ್ಟಣ, ಕನಕಪುರಗಳ ಕಾಲೇಜುಗಳೂ ಕನ್ನಡ ಸಂಘಗಳೂ ‘ದ್ವೀಪ’ವನ್ನು ಊರೂರಲ್ಲಿ ಪ್ರದರ್ಶಿಸಲಿ, ಮೊದಲ ಪ್ರದರ್ಶನ ಸಂಗಮದ ದಾರಿಯ ಯಾವುದಾದರೊಂದು ಹಳ್ಳಿಯಲ್ಲಿ, ಹೆಂಗಸರನ್ನು ಮುಂದಿನ ಸಾಲಿನಲ್ಲಿ ಕೂರಿಸಿ ನಡೆಯಲಿ.