ಫ್ಲಾರೆನ್ಸ್ ನಗರದ ಕಿರುಬಾಗಿಲು

ನಮ್ಮ ಸಮಾಜದ ಅನೇಕ ಕುಟುಂಬಗಳ ಮಕ್ಕಳು ಈಗ ಯುರೋಪ್ ಖಂಡದ ನಾನಾ ನಗರಗಳಲ್ಲಿ ಉದ್ಯೋಗಸ್ಥರಾಗಿದ್ದಾರೆ. ಮಗನ ಮನೆಗೋ ಮಗಳ ಬಾಣಂತನಕ್ಕೋ ಹೋದ ತಂದೆತಾಯಿಗಳು ನಾಲ್ಕಾರು ದಿನ ಬಿಡುವು ಮಾಡಿಕೊಂಡು ಇಟಲಿ ದೇಶವನ್ನು ನೋಡಿಬರುವುದೂ ಸಾಮಾನ್ಯವಾಗಿದೆ. ಬಂದವರನ್ನು ವಿಚಾರಿಸಿದರೆ ರೋಮ್, ಪೀಸಾದ ವಾಲುಗೋಪುರ, ವೆನಿಸ್ಸಿನ ದೋಣಿ, ಫ್ಲಾರೆನ್ಸಿನ ಗುಮ್ಮಟ ಎಂದು ಬೆರಳು ಮಡಿಚಿ ಎಣಿಸುತ್ತಾರೆ. ಅಲ್ಲಿ ಏನು ಕಂಡಿರಿ ಎಂದು ಕೇಳಿದರೆ ಮಾತ್ರ ಮಾತು ಮುಂದುವರಿಯುವುದಿಲ್ಲ. ತಪ್ಪು ಅವರದಲ್ಲ. ಬಸ್ಸಿನಿಂದ ಇಳಿದು, ಭಾವಚಿತ್ರ ತೆಗೆಸಿಕೊಂಡು, ಮತ್ತೆ ಬಸ್ಸು ಹತ್ತುವ ಪ್ರವಾಸದಲ್ಲಿ ಊರು ಕಾಣುವುದಾದರೂ ಹೇಗೆ?

ಊರನ್ನು ಕಾಣಬೇಕಾದರೆ ನಡೆಯಬೇಕು; ಬಲ್ಲವರೊಡನೆ ನಡೆಯಬೇಕು. ಇಟಲಿಯ ಹಳೆಯ ನಗರಗಳಲ್ಲಿ ಇದಕ್ಕೆ ಒಳ್ಳೆಯ ವ್ಯವಸ್ಥೆಯಿದೆ. ಎಂಟರಿಂದ ಹನ್ನೆರಡು ಮಂದಿಯ ಚಿಕ್ಕ ತಂಡ, ಪರವಾನಗಿ ಪಡೆದ ಒಬ್ಬ ಮಾರ್ಗದರ್ಶಿ, ಎರಡು ಮೂರು ಗಂಟೆಗಳ ಕಾಲ್ನಡಿಗೆ. ಅನೇಕ ತಂಡಗಳಲ್ಲಿ ಕಿವಿಗೆ ಸಿಕ್ಕಿಸಿಕೊಳ್ಳುವ ಒಂದು ಪುಟ್ಟ ಯಂತ್ರವನ್ನು ಕೊಡುತ್ತಾರೆ. ಆದುದರಿಂದ ಮಾರ್ಗದರ್ಶಿ ಕೂಗಾಡಬೇಕಿಲ್ಲ, ಮಂಡಿನೋವಿನವರು ಹತ್ತು ಹೆಜ್ಜೆ ಹಿಂದೆ ಬಿದ್ದರೂ ಮಾತು ತಪ್ಪುವುದಿಲ್ಲ. ಆರ್ನೋ ನದಿಯ ದಂಡೆಯ ಫ್ಲಾರೆನ್ಸ್ ನಗರವಂತೂ ಇಂಥ ನಡಿಗೆಗೆ ಹೇಳಿ ಮಾಡಿಸಿದಂತಿದೆ. 1982ರಲ್ಲಿ ಯುನೆಸ್ಕೋ ವಿಶ್ವಪರಂಪರೆಯ ಪಟ್ಟಿಗೆ ಸೇರಿದ ಅದರ ಹಳೆಯ ಪೇಟೆಯಲ್ಲಿ ಹೊರಗಿನ ವಾಹನಗಳಿಗೆ ನಿರ್ಬಂಧವಿದೆ. ದೊಡ್ಡ ಗುಮ್ಮಟದ ಇಗರ್ಜಿಯಿಂದ ಹಳೆಯ ಅರಮನೆಯ ಚೌಕಕ್ಕೆ ಹತ್ತು ನಿಮಿಷದ ದಾರಿಯೂ ಇಲ್ಲ.

ನಾವು ಸೇರಿಕೊಂಡ ತಂಡದಲ್ಲಿ ಒಂಬತ್ತು ಮಂದಿ ಇದ್ದೆವು. ಧಾರವಾಡದ ಕಡೆಯ ನಿವೃತ್ತ ಉಪಾಧ್ಯಾಯ ದಂಪತಿಗಳೂ ಅದರಲ್ಲಿದ್ದರು. ನಮ್ಮ ಮಾರ್ಗದರ್ಶಿಯಾಗಿದ್ದ ಆ ಊರಿನ ಮಹಿಳೆ ಮೊದಲು ಗುಮ್ಮಟದ ಕಡೆಗೆ ಕರೆದೊಯ್ಯಲಿಲ್ಲ. ಉತ್ತರಕ್ಕಿರುವ ಒಂದು ಶಾಂತವಾದ ಚೌಕದಲ್ಲಿ, ಒಂಬತ್ತು ಕಮಾನುಗಳ ಉದ್ದನೆಯ ಪಡಸಾಲೆಯ ಮುಂದೆ ನಿಲ್ಲಿಸಿದಳು. ಕಮಾನುಗಳ ನಡುವೆ ನೀಲಿ ಬಣ್ಣದ ಬಿಲ್ಲೆಗಳು. ಒಂದೊಂದರಲ್ಲಿಯೂ ಬಟ್ಟೆಯಲ್ಲಿ ಸುತ್ತಿದ ಒಂದೊಂದು ಬಿಳಿಯ ಹಸುಗೂಸು ಕೈಚಾಚಿ ನಿಂತಿದೆ. ಸುಟ್ಟ ಮಣ್ಣಿನ ಈ ಶಿಶುಗಳನ್ನು 1487ರಲ್ಲಿ ಮಾಡಿದವನು ಆಂದ್ರೆಯಾ ದೆಲ್ಲಾ ರೊಬ್ಬಿಯಾ.

ಇದು ಅನಾಥ ಶಿಶುಗಳ ಆಶ್ರಯಧಾಮ. ಹೆಸರು 'ಇನ್ನೊಚೆಂತಿ', ಮುಗ್ಧರು, ನಿರಪರಾಧಿಗಳು ಎಂದು ಅರ್ಥ. ಪ್ರಾತೋ ಎಂಬ ನೆರೆಯೂರಿನ ವರ್ತಕ ಫ್ರಾಂಚೆಸ್ಕೋ ದಾತೀನಿ 1410ರಲ್ಲಿ ತೀರಿಕೊಂಡಾಗ ಇದಕ್ಕಾಗಿ 1000 ಚಿನ್ನದ ನಾಣ್ಯಗಳನ್ನು ಬಿಟ್ಟುಹೋದ. ರೇಷ್ಮೆ ಕಸುಬಿನವರ ಸಂಘ ಹೊಣೆ ಹೊತ್ತಿತು. ಮುಂದೆ ದೊಡ್ಡ ಗುಮ್ಮಟವನ್ನು ಕಟ್ಟಿದ ಬ್ರುನೆಲ್ಲೆಸ್ಕಿಯೇ 1419ರಲ್ಲಿ ಇದರ ಕೆಲಸ ಆರಂಭಿಸಿದ. 1445ರ ಫೆಬ್ರವರಿ 5ರಂದು ಮೊದಲ ಮಗು ಬಂದಿತು. ಹೆಣ್ಣುಮಗು, ಅಗಾತಾ ಎಂದು ಹೆಸರಿಟ್ಟರು. ಆ ಮೇಲೆ ಬಂದವರಲ್ಲಿಯೂ ಹೆಣ್ಣುಮಕ್ಕಳೇ ಹೆಚ್ಚು. ಏಕೆಂದು ಮಾರ್ಗದರ್ಶಿ ವಿವರಿಸಲು ಹೊರಟಾಗ ಉಪಾಧ್ಯಾಯರ ಪತ್ನಿ, "ಅದನ್ನ ನಮಗ ಹೇಳೂದು ಬ್ಯಾಡ ಬಿಡವಾ" ಎಂದು ಕನ್ನಡದಲ್ಲಿಯೇ ಅಂದುಬಿಟ್ಟರು.

ಪಡಸಾಲೆಯ ಎಡತುದಿಯಲ್ಲಿ ಕಂಬಿ ಹಾಕಿದ ಒಂದು ಕಿಟಕಿಯಿದೆ. ಕೂಸನ್ನು ಮಾತ್ರ ಒಳಗೆ ಸೇರಿಸಲು ಆಗುವಷ್ಟು ಸಂದು. ಇಟ್ಟವರ ಮುಖ ಒಳಗಿನವರಿಗೆ ಕಾಣಬಾರದು. 1875ರಲ್ಲಿ ಇದನ್ನು ಮುಚ್ಚಲಾಯಿತು. ಒಳಗಿನ ವಸ್ತುಸಂಗ್ರಹಾಲಯದಲ್ಲಿ ಸಣ್ಣ ಸಣ್ಣ ಸೆಳೆಖಾನೆಗಳಿವೆ. ಒಂದೊಂದನ್ನು ಎಳೆದರೂ ಒಂದೊಂದು ಗುರುತು: ಅರ್ಧ ಮುರಿದ ಪದಕ, ತುಂಡು ನಾಣ್ಯ, ದಾರಕ್ಕೆ ಪೋಣಿಸಿದ ಮಣಿ. ತಾಯಿ ಅರ್ಧವನ್ನು ಕೂಸಿನ ಕೊರಳಿಗೆ ಕಟ್ಟಿ ಉಳಿದರ್ಧವನ್ನು ತಾನು ಇಟ್ಟುಕೊಳ್ಳುತ್ತಿದ್ದಳು. ಎಂದಾದರೂ ಮರಳಿ ಬಂದಾಗ ಎರಡನ್ನೂ ಜೋಡಿಸಿ ಇದು ನನ್ನ ಮಗು ಎಂದು ತೋರಿಸಬಹುದೆಂಬ ಆಸೆ. ಸೆಳೆಖಾನೆಯಲ್ಲಿ ಉಳಿದಿರುವ ಅರ್ಧಗಳಿಗೆ ಜೋಡಿ ಬರಲಿಲ್ಲ. ಇಲ್ಲಿಗೆ ಬಂದ ಮಕ್ಕಳೆಲ್ಲ ಬದುಕಲಿಲ್ಲ. ಹಳ್ಳಿಯ ದಾದಿಯರ ಮನೆಗಳಲ್ಲಿ ಸತ್ತವರು ಬಹಳ. ಆ ಮಾತನ್ನೂ ಮಾರ್ಗದರ್ಶಿ ಮುಚ್ಚಿಡಲಿಲ್ಲ. ಬದುಕಿದವರ ಸಂತತಿಯಲ್ಲಿ 'ಇನ್ನೊಚೆಂತಿ' ಎಂಬುದೇ ಮನೆತನದ ಹೆಸರಾಗಿ ಇಂದಿಗೂ ಉಳಿದಿದೆ. ಸಂಸ್ಥೆಯೂ ಉಳಿದಿದೆ, ಮಕ್ಕಳ ಮತ್ತು ತಾಯಂದಿರ ಸೇವೆ ಅಲ್ಲಿ ನಿಂತಿಲ್ಲ. 1988ರಿಂದ ಯುನಿಸೆಫ್‌ನ ಒಂದು ಸಂಶೋಧನಾ ಕೇಂದ್ರಕ್ಕೂ ಅದೇ ನೆಲೆ. ನಮ್ಮ ಮಠಗಳ ಉಚಿತ ಪ್ರಸಾದ ನಿಲಯಗಳಲ್ಲಿ ಉಂಡು ಓದಿದವರು ಯಾರಾದರೂ ಆ ಪಡಸಾಲೆಯಲ್ಲಿ ನಿಂತರೆ ಪರದೇಶದಲ್ಲಿ ನಿಂತಂತೆ ಅನ್ನಿಸಲಾರದು.

ಗುಮ್ಮಟದ ವಿಷಯ ಎಲ್ಲ ಪುಸ್ತಕಗಳಲ್ಲಿಯೂ ಇದೆ. 1420ರಿಂದ 1436ರವರೆಗೆ, ನೆಲದಿಂದ ಮರದ ಆಧಾರವನ್ನು ಎಬ್ಬಿಸದೆಯೇ ಬ್ರುನೆಲ್ಲೆಸ್ಕಿ ಅದನ್ನು ಕಟ್ಟಿದ. ಏರಲು 463 ಮೆಟ್ಟಿಲು. ಏರುವ ಶಕ್ತಿಯಿದ್ದವರು ಏರಲಿ. ಅದೇ ಚೌಕದಲ್ಲಿ ಗಂಟೆಗೋಪುರದ ಎದುರಿಗೆ ರೋಗಿಗಳನ್ನು ಸಾಗಿಸುವ ವಾಹನಗಳು ನಿಂತಿರುತ್ತವೆ. ಅತ್ತ ಯಾರೂ ನೋಡುವುದಿಲ್ಲ. ಅವು 'ಮಿಸೆರಿಕೋರ್ದಿಯಾ' ಎಂಬ ಸೇವಾಸಂಘದವು. 1244ರಲ್ಲಿ ಹುಟ್ಟಿದ ಸಂಘ, ಎಂದರೆ ನಮ್ಮ ಕಲ್ಯಾಣದ ಶರಣರ ಕಾಲಕ್ಕೆ ನೂರು ವರ್ಷವೂ ಅಂತರವಿಲ್ಲ. ಇಂದಿಗೂ ಸ್ವಯಂಸೇವಕರು ಅಲ್ಲಿ ಸರದಿಯ ಮೇಲೆ ಕೆಲಸ ಮಾಡುತ್ತಾರೆ. ಹಿಂದೆ ಈ ಸಂಘದವರು ಕಪ್ಪು ಮುಸುಕು ಧರಿಸಿ ರೋಗಿಗಳನ್ನೂ ಶವಗಳನ್ನೂ ಹೊರುತ್ತಿದ್ದರು. ಮುಸುಕಿನೊಳಗೆ ಧನಿಕನಿದ್ದಾನೋ ಕೂಲಿಯವನಿದ್ದಾನೋ ಯಾರಿಗೂ ತಿಳಿಯಬಾರದೆಂಬುದು ಉದ್ದೇಶ.

ಅಲ್ಲಿಂದ ಓಣಿಗಳಲ್ಲಿ ತಿರುಗಿ ದಾಂತೆ ಮಹಾಕವಿಯ ಮನೆಯ ಬಳಿಗೆ ಬಂದೆವು. ಜನ ಕಿಕ್ಕಿರಿದಿದ್ದರು. "ಈ ಕಟ್ಟಡ ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಕಟ್ಟಿದ್ದು, ಕವಿ ಇದರಲ್ಲಿ ವಾಸಿಸಲಿಲ್ಲ" ಎಂದು ಮಾರ್ಗದರ್ಶಿ ನೇರವಾಗಿ ಹೇಳಿ, ಎದುರಿನ ಪುಟ್ಟ ಚೌಕದ ಒಂದು ಕಿರುಬಾಗಿಲಿನ ಮುಂದೆ ನಿಂತಳು. ಸಾನ್ ಮಾರ್ತಿನೋ ಎಂಬ ಚಿಕ್ಕ ಪ್ರಾರ್ಥನಾಮಂದಿರ. ನಮ್ಮ ಹಳ್ಳಿಯ ಚಾವಡಿಗಿಂತ ದೊಡ್ಡದಲ್ಲ.

1442ರಲ್ಲಿ ಸಾನ್ ಮಾರ್ಕೋ ಮಠದ ಮುಖ್ಯಸ್ಥರಾಗಿದ್ದ ಅಂತೋನೀನೋ ಎಂಬ ಗುರುಗಳು ಹನ್ನೆರಡು ಮಂದಿ ಗೃಹಸ್ಥರನ್ನು ಕೂಡಿಸಿ ಇಲ್ಲಿ ಒಂದು ಸಂಘ ಮಾಡಿದರು. ಹೆಸರು 'ಬುವೊನೋಮಿನಿ', ಎಂದರೆ ಸಜ್ಜನರು. ಬೀದಿಯಲ್ಲಿ ಕೈಯೊಡ್ಡುವವರಿಗೆ ಅಲ್ಲೊಂದು ಇಲ್ಲೊಂದು ಕಾಸು ಸಿಕ್ಕೀತು. ಆದರೆ ಬಾಳಿ ಬದುಕಿದ ಮನೆತನ ರಾಜಕೀಯ ಕಲಹದಲ್ಲಿ ಕೆಟ್ಟುಹೋದರೆ, ನೇಕಾರನ ಮಗ್ಗ ನಿಂತುಹೋದರೆ, ಅವರು ಎಲ್ಲಿ ಕೈಯೊಡ್ಡಬೇಕು? ಒಲೆ ಹೊತ್ತದಿದ್ದರೂ ಬಾಗಿಲು ಹಾಕಿಕೊಂಡು ಮಾನವಾಗಿ ಕುಳಿತಿರುವ ಇಂಥವರನ್ನು ಆ ಊರಿನವರು 'ನಾಚುವ ಬಡವರು' ಎಂದು ಕರೆದರು. ಈ ಹನ್ನೆರಡು ಮಂದಿಯ ಕೆಲಸ ಅವರಿಗಾಗಿಯೇ. ಬಾಗಿಲ ಬಳಿಯ ಗೋಡೆಯಲ್ಲಿ ಕಿಂಡಿಯಿದೆ. ಕೊಡುವವರು ಹಣ ಹಾಕಬಹುದು, ಬೇಕಾದವರು ಚೀಟಿ ಹಾಕಬಹುದು. ಸಜ್ಜನರು ವಿಚಾರಿಸಿ ತಾವೇ ಸದ್ದಿಲ್ಲದೆ ತಲುಪಿಸುತ್ತಾರೆ. ಬಂದದ್ದನ್ನು ಕೂಡಿಡುವಂತಿಲ್ಲ, ಹಂಚಿಬಿಡಬೇಕು. ಬೊಕ್ಕಸ ಬರಿದಾದರೆ ಬಾಗಿಲಲ್ಲಿ ಒಂದು ಮೇಣದ ದೀಪ ಹಚ್ಚಿಡುತ್ತಾರೆ, ಅಷ್ಟೆ. ಊರಿಗೆ ಅದೇ ಸೂಚನೆ. ತೀರ ಕೈಬರಿದಾದವನನ್ನು ಕುರಿತು 'ಸಣ್ಣ ದೀಪಕ್ಕೆ ಬಂದಿದ್ದಾನೆ' ಎಂಬ ನುಡಿಗಟ್ಟು ಇಟಲಿಯಲ್ಲಿದೆ. ಅದು ಹುಟ್ಟಿದ್ದು ಈ ಬಾಗಿಲಿನಿಂದಲೇ ಎಂದು ಫ್ಲಾರೆನ್ಸಿನವರು ಅಭಿಮಾನದಿಂದ ಹೇಳುತ್ತಾರೆ. ಸಂಘ ಇಂದಿಗೂ ನಡೆಯುತ್ತಿದೆ.

ಒಳಗೆ ಗೋಡೆಯ ಮೇಲ್ಭಾಗದಲ್ಲಿ ಸಂಘದ ಕೆಲಸಗಳನ್ನೇ ಚಿತ್ರಿಸಿದ್ದಾರೆ. ಬಾಣಂತಿಯ ಮನೆಗೆ ಹೋಗಿರುವುದು, ಬಡಹುಡುಗಿಯ ಮದುವೆಗೆ ನೆರವಾಗಿರುವುದು, ಸಾಲಗಾರನನ್ನು ಸೆರೆಯಿಂದ ಬಿಡಿಸುತ್ತಿರುವುದು, ಬಟ್ಟೆ ಕೊಡುತ್ತಿರುವುದು. ಬಾಣಂತಿಯ ಚಿತ್ರದ ಮುಂದೆ ನಾವು ಬಹಳ ಹೊತ್ತು ನಿಂತೆವು.

ಉಪಾಧ್ಯಾಯರು ತಮ್ಮ ಊರಿನಲ್ಲಿ ಬಡ ವಿದ್ಯಾರ್ಥಿಗಳ ಸಹಾಯನಿಧಿಯನ್ನು ನೋಡಿಕೊಳ್ಳುವವರು. "ಪಡೆದವರ ಪಟ್ಟಿ ಇಡುತ್ತಾರೆಯೆ?" ಎಂದು ಇಂಗ್ಲಿಷಿನಲ್ಲಿ ಕೇಳಿದರು. ಲೆಕ್ಕವಿದೆ, ಹೆಸರು ಹೊರಗೆ ಹೋಗುವುದಿಲ್ಲ ಎಂದಳು ಮಾರ್ಗದರ್ಶಿ. ಅವರು ಪತ್ನಿಯ ಕಡೆ ತಿರುಗಿ, "ಹೆಸರ ಹೇಳಲಿಲ್ಲಂದ್ರ ಕೊಟ್ಟವರು ನಂಬತಾರೇನು? ಯಾರಿಗೆ ಕೊಟ್ರಿ ಅಂತ ನಾಳೆ ನನ್ನ ಕೇಳತಾರ" ಎಂದರು. ಆ ತಾಯಿ, "ಕೇಳಿದವರಿಗೆ ಲೆಕ್ಕದ ಪುಸ್ತಕ ತೋರಸ್ರಿ. ಹುಡುಗರನ್ನ ಯಾಕ ವೇದಿಕೆ ಹತ್ತಸ್ತೀರಿ?" ಎಂದು ಮರುಪ್ರಶ್ನೆ ಹಾಕಿದರು. ಅವರು ಉತ್ತರ ಕೊಡಲಿಲ್ಲ. ಚೌಕದ ಕಟ್ಟೆಯ ಮೇಲೆ ಕುಳಿತು ನೀರು ಕುಡಿದರು.

ಈ ಪ್ರಶ್ನೆ ಅವರೊಬ್ಬರದಲ್ಲ. ನಮ್ಮ ಸಮುದಾಯ ಭವನಗಳಲ್ಲಿ ಪಂಖದ ರೆಕ್ಕೆಯ ಮೇಲೆ, ಗೋಡೆಯ ಗಡಿಯಾರದ ಮೇಲೆ, ಊಟದ ತಟ್ಟೆಯ ಅಂಚಿನಲ್ಲಿ ಕೂಡ ದಾನಿಗಳ ಹೆಸರಿದೆ. ಅದನ್ನು ಬೇಕಾದರೆ ಸಹಿಸಬಹುದು. ಹೆಸರು ದಾನಿಯದು, ಆಸೆಯೂ ಅವನದು. ಆದರೆ ಶುಲ್ಕಕ್ಕೆ ಹಣವಿಲ್ಲದ ಹದಿನಾರರ ಹುಡುಗಿಯನ್ನು ಜಯಂತಿಯ ದಿನ ಧ್ವನಿವರ್ಧಕದಲ್ಲಿ ಹೆಸರು ಕೂಗಿ ಕರೆದು, ಚೆಕ್ಕಿನ ಒಂದು ತುದಿಯನ್ನು ಅವಳ ಕೈಗೆ, ಇನ್ನೊಂದನ್ನು ದಾನಿಯ ಕೈಗೆ ಹಿಡಿಸಿ ಚಿತ್ರ ತೆಗೆಯುವುದು ಬೇರೆ ಮಾತು. ಅವಳ ತರಗತಿಯವರೆಲ್ಲ ಸಭೆಯಲ್ಲಿ ಕುಳಿತಿರುತ್ತಾರೆ. ದಾನಕ್ಕೂ ದಾಸೋಹಕ್ಕೂ ಇರುವ ಅಂತರವನ್ನು ಉಪನ್ಯಾಸಗಳಲ್ಲಿ ನಾವೆಲ್ಲ ಕೇಳಿದ್ದೇವೆ. ಕೊಡುವವನು ತಾನು ಕೊಡುವವನೆಂದು ತಿಳಿಯದೆ ದಾಸನೆಂದು ತಿಳಿಯುವುದು ದಾಸೋಹ. ಹಾಗಾದರೆ ವೇದಿಕೆಯ ಮೇಲೆ ಒಡೆಯನ ಸ್ಥಾನದಲ್ಲಿ ಯಾರಿರಬೇಕು? ಲೆಕ್ಕ ಬಿಗಿಯಾಗಿರಲಿ, ಲೆಕ್ಕಪರಿಶೋಧಕರು ಪ್ರತಿಯೊಂದು ಹೆಸರನ್ನೂ ಸರಿನೋಡಲಿ. ಅದಕ್ಕೆ ಹಾರ ತುರಾಯಿ ಬೇಕಾಗಿಲ್ಲವೆಂದು ನಮ್ಮ ಅಭಿಪ್ರಾಯ. ಒಪ್ಪದವರೂ ಇರುತ್ತಾರೆ. ಹೆಸರಿನ ಆಸೆಯಿಲ್ಲದಿದ್ದರೆ ನಿಧಿಗೆ ಹಣವೇ ಬರುವುದಿಲ್ಲವೆಂಬ ಅವರ ವಾದದಲ್ಲಿಯೂ ಅನುಭವವಿದೆ. ಆದರೂ ಸುಮಾರು ಆರು ಶತಮಾನಗಳಿಂದ ಆ ಕಿಂಡಿಯೊಳಗೆ ಹಣ ಬೀಳುತ್ತಲೇ ಇದೆ.

ಅರಮನೆಯ ಚೌಕದಲ್ಲಿರುವ ದಾವೀದನ ವಿಗ್ರಹ ಪ್ರತಿಕೃತಿ. ಮೈಕೆಲೇಂಜಲೋ ಕಡೆದ ಮೂಲವಿಗ್ರಹವನ್ನು 1873ರಲ್ಲಿಯೇ ಅಕಾಡೆಮಿಯಾ ಸಂಗ್ರಹಾಲಯಕ್ಕೆ ಸಾಗಿಸಿದರು. ಅದೇ ಚೌಕದ ನೆಲದಲ್ಲಿ ಒಂದು ದುಂಡುಕಲ್ಲು ಇದೆ. ಭ್ರಷ್ಟಾಚಾರವನ್ನು ಖಂಡಿಸಿದ ಸವೊನಾರೋಲಾ ಎಂಬ ಸಂನ್ಯಾಸಿಯನ್ನು ಇಬ್ಬರು ಸಂಗಡಿಗರೊಡನೆ 1498ರ ಮೇ 23ರಂದು ಅಲ್ಲಿ ಗಲ್ಲಿಗೇರಿಸಿ ಸುಟ್ಟರು. ನಮ್ಮ ಶರಣರ ನೆನಪು ಬರುವುದು ಸಹಜ. ಆದರೆ ಹೋಲಿಕೆಯನ್ನು ದೂರ ಎಳೆಯಬಾರದು. ಅದಕ್ಕೆ ಒಂದು ವರ್ಷ ಹಿಂದೆ ಇದೇ ಸಂನ್ಯಾಸಿಯ ಅನುಯಾಯಿಗಳು ಅದೇ ಚೌಕದಲ್ಲಿ ಪುಸ್ತಕಗಳನ್ನೂ ಚಿತ್ರಗಳನ್ನೂ ರಾಶಿ ಹಾಕಿ ಸುಟ್ಟಿದ್ದರು.

ನಡಿಗೆ ಮುಗಿದದ್ದು ಸಾನ್ ರೆಮೀಜೋ ಎಂಬ ಓಣಿಯ ಮೂಲೆಯಲ್ಲಿ. ಒಂದೇ ಗೋಡೆಯ ಮೇಲೆ ಪ್ರವಾಹದ ಎರಡು ಗುರುತುಗಳು: 1333ರ ನವೆಂಬರ್ 4, 1966ರ ನವೆಂಬರ್ 4. ದಿನಾಂಕವೂ ಒಂದೇ. ಎರಡನೆಯ ಗುರುತು ನಮ್ಮ ತಲೆಗಿಂತ ಎಷ್ಟೋ ಮೇಲಿದೆ. ಆಗ ನಾನಾ ದೇಶಗಳ ತರುಣರು ಬಂದು ರಾಷ್ಟ್ರೀಯ ಗ್ರಂಥಾಲಯದ ಪುಸ್ತಕಗಳನ್ನು ಸಾಲುಗಟ್ಟಿ ನಿಂತು ಕೈಯಿಂದ ಕೈಗೆ ಸಾಗಿಸಿ ಕೆಸರಿನಿಂದ ಎತ್ತಿದರು. 'ಕೆಸರಿನ ದೇವದೂತರು' ಎಂದು ಅವರನ್ನು ಊರು ನೆನೆಯುತ್ತದೆ.

ಹೋಗುವವರಿಗೆ ಒಂದೆರಡು ಮಾತು. ಕಲ್ಲುಹಾಸಿನ ದಾರಿಯಾದುದರಿಂದ ಮೆತ್ತನೆಯ ಬೂಟು ಬೇಕು. ಹೊಸ ಚಪ್ಪಲಿ ಬೇಡ. ಇಗರ್ಜಿಗಳಲ್ಲಿ ಭುಜ, ಮೊಣಕಾಲು ಮುಚ್ಚಿರಬೇಕು. ಸೀರೆಯುಟ್ಟವರಿಗೆ ಈ ಚಿಂತೆಯಿಲ್ಲ. ಉಫಿತ್ಸಿ, ಅಕಾಡೆಮಿಯಾ ಸಂಗ್ರಹಾಲಯಗಳಿಗೆ ಸೋಮವಾರ ರಜೆ. ದೊಡ್ಡ ಸಂಗ್ರಹಾಲಯಗಳ ಬಾಗಿಲಲ್ಲಿ ಲೋಹಶೋಧಕ ಯಂತ್ರವಿರುತ್ತದೆ. ಕೊರಳಲ್ಲಿ ಬೆಳ್ಳಿಯ ಕರಡಿಗೆ ಇದ್ದರೆ ಅದು ಸದ್ದು ಮಾಡಬಹುದು. ಇದು ನಮ್ಮ ಪೂಜಾವಸ್ತು ಎಂದು ಮುಂಚಿತವಾಗಿ ಸಮಾಧಾನದಿಂದ ತಿಳಿಸುವುದು ಒಳ್ಳೆಯದು. ಊಟಕ್ಕೆ 'ರಿಬೊಲ್ಲೀತಾ' ಎಂಬ ಸಾರು ನಮಗೆ ಒಗ್ಗುತ್ತದೆ. ಬ್ರೆಡ್ಡು, ಹುರುಳಿಕಾಯಿಯ ಜಾತಿಯ ಬಿಳಿಕಾಳು, ಕಪ್ಪುಸೊಪ್ಪು ಹಾಕಿ ಕುದಿಸಿದ್ದು. ಮಾಂಸದ ನೀರು ಬೆರೆಸಿಲ್ಲವೆ ಎಂದು ಕೇಳಿಯೇ ಉಣ್ಣಬೇಕು. ಪಾರ್ಮಿಜಾನೋ ಚೀಸಿಗೆ ಹಾಲು ಹೆಪ್ಪುಗಟ್ಟಿಸಲು ಕರುವಿನ ಹೊಟ್ಟೆಯ ದ್ರವ್ಯವನ್ನು ಬಳಸುತ್ತಾರೆ. ಆದುದರಿಂದ ಶುದ್ಧ ಶಾಕಾಹಾರಿಗಳು ಅದನ್ನು ಮೇಲೆ ಉದುರಿಸಬೇಡಿರೆಂದು ಹೇಳಬೇಕು. ಸಾನ್ ಮಾರ್ತಿನೋ ಮಂದಿರ ದಿನವಿಡೀ ತೆರೆದಿರುವುದಿಲ್ಲ, ಎಲ್ಲ ಮಾರ್ಗದರ್ಶಿಗಳೂ ಅಲ್ಲಿಗೆ ಕರೆದೊಯ್ಯುವುದಿಲ್ಲ. ನಡಿಗೆಗೆ ಹೆಸರು ಕೊಡುವಾಗಲೇ ಕೇಳಿಕೊಳ್ಳಿರಿ. ಕಿಂಡಿಗೆ ಹಾಕಲು ಒಂದೆರಡು ಯೂರೋ ನಾಣ್ಯಗಳನ್ನು ಜೇಬಿನಲ್ಲಿ ಬೇರೆಯಾಗಿ ಇಟ್ಟುಕೊಂಡಿರಿ.