ನಿಲ್ಲದ ಹಾಡು, ಕೇಳದ ಹೆಸರು

ನೈಜೀರಿಯಾ ಅಥವಾ ಘಾನಾದ ಗಾಸ್ಪೆಲ್ ಗೀತೆಗಳ ಡಿಜೆ ಮಿಶ್ರಣವನ್ನು ಒಮ್ಮೆ ಹಚ್ಚಿದರೆ ಗಂಟೆಗಟ್ಟಲೆ ಬಿಡುವೆಂಬುದೇ ಇಲ್ಲ. ಒಂದು ಹಾಡು ಮುಗಿಯುವ ಮೊದಲೇ ಅದೇ ಲಯದಲ್ಲಿ ಇನ್ನೊಂದು ಒಳಹೊಕ್ಕಿರುತ್ತದೆ. ಕುಣಿತದ ಕೂಟಗಳ ಚಾಳಿ ಪ್ರಾರ್ಥನೆಗೂ ಅಂಟಿತೆಂದು ಮೂಗು ಮುರಿಯುವವರಿದ್ದಾರೆ. ವಾಸ್ತವ ಬೇರೆ. ಅಲ್ಲಿನ ಪೆಂಟೆಕಾಸ್ಟಲ್ ಚರ್ಚುಗಳ ಸ್ತುತಿಗಾಯನದಲ್ಲಿ ಹಾಡಿನಿಂದ ಹಾಡಿಗೆ ನಿಲ್ಲದೆ ಸಾಗುವುದೇ ರೂಢಿ. ಮುಂದಾಳು ಗಾಯಕಿ ಹೊಸ ಪಲ್ಲವಿ ಎತ್ತಿಕೊಂಡೊಡನೆ ಸಭೆ ದನಿಗೂಡಿಸುತ್ತದೆ. ವಾದ್ಯಗಳ ಬಡಿತ ಮಾತ್ರ ನಿಲ್ಲದು. ಡಿಜೆ ಯಂತ್ರದ ನೆರವಿನಿಂದ ಮಾಡುವುದೂ ಇದನ್ನೇ.

ಘಾನಾದಲ್ಲಂತೂ ಕುಣಿತಕ್ಕೂ ಚರ್ಚಿಗೂ ನಂಟು ಬೆಸೆದುದರಲ್ಲಿ ರಾಜಕಾರಣದ ಪಾಲೂ ಇದೆ. ಜೆರ್ರಿ ರಾಲಿಂಗ್ಸ್ ಅವರ ಸೇನಾ ಆಡಳಿತ 1982ರಿಂದ 1984ರವರೆಗೆ ಹೇರಿದ್ದ ರಾತ್ರಿ ಕರ್ಫ್ಯೂ ಮನರಂಜನೆಯ ಬದುಕನ್ನೇ ಸ್ತಬ್ಧಗೊಳಿಸಿತು. ವಾದ್ಯಗಳ ಮೇಲಿನ ಭಾರಿ ಆಮದು ಸುಂಕ ಬ್ಯಾಂಡುಗಳ ಬೆನ್ನು ಮುರಿಯಿತು. ಕೆಲಸವಿಲ್ಲದ ಹೈಲೈಫ್ ವಾದಕರಲ್ಲಿ ಅನೇಕರು ಚರ್ಚುಗಳನ್ನು ಆಶ್ರಯಿಸಿದರು. ಅವರ ಗಿಟಾರಿನ ಲವಲವಿಕೆ ದೇವಸ್ತುತಿಗೂ ಒದಗಿತು. ಟ್ವಿ, ಇಗ್ಬೊ, ಯೊರುಬಾ ಭಾಷೆಗಳ ಒಂದಕ್ಷರ ತಿಳಿಯದವರ ಕಾಲೂ ತಾನಾಗಿ ತಾಳ ಹಾಕಿದರೆ ಅಚ್ಚರಿಯೇನಿದೆ?

ಆದರೆ ಹಾಡುಗಳ ನಡುವಿನ ಗೆರೆ ಅಳಿಸುವ ಈ ಕೌಶಲವೇ ಹಾಡಿದವರನ್ನೂ ಅಳಿಸುತ್ತಿದೆ. ಲಾಗೋಸಿನ ಅಲಾಬಾ ಮಾರುಕಟ್ಟೆಯಿಂದ ಸಿ.ಡಿ.ಗಳಲ್ಲಿ ಮಿಶ್ರಣಗಳು ಹೊರಡುತ್ತಿದ್ದ ಕಾಲದಿಂದಲೂ ಹಾಡಿನ ಮೇಲೆ ಕೂಗಿ ಹೇಳುವುದು ಡಿಜೆಯ ಹೆಸರನ್ನು. ಯೂಟ್ಯೂಬಿಗೆ ಬಂದ ಮೇಲೂ ಹಲವು ಮಿಶ್ರಣಗಳಲ್ಲಿ ಹಾಡುಗಳ ಪಟ್ಟಿಯೇ ಇಲ್ಲ. 2015ರ 'ವೇ ಮೇಕರ್' ಗೀತೆಯಿಂದ ವಿಶ್ವಖ್ಯಾತರಾದ ಸಿನಾಚ್ ಅಂಥವರಿಗೆ ಇದರಿಂದ ನಷ್ಟ ಅಷ್ಟೇನಿಲ್ಲ. ಹಕ್ಕುದಾರರು ಮೊದಲೇ ನೋಂದಾಯಿಸಿದ ಹಾಡನ್ನು ಯೂಟ್ಯೂಬಿನ ಯಂತ್ರ ಗುರುತಿಸಬಲ್ಲದು. ಜಾಹೀರಾತಿನ ಹಣಕ್ಕೆ ಅವರು ಹಕ್ಕು ಸಾಧಿಸಬಹುದು. ಸ್ವಂತ ಖರ್ಚಿನಲ್ಲಿ ಧ್ವನಿಮುದ್ರಿಸಿ, ನೋಂದಣಿಯ ಗೊಡವೆಯೇ ತಿಳಿಯದ ಸಣ್ಣ ಊರಿನ ಗಾಯಕಿಗೆ ಈ ದಾರಿ ಮುಚ್ಚಿದೆ.

ಮಿಶ್ರಣವೆಂದರೆ ಪುಕ್ಕಟೆ ಪ್ರಚಾರ ಎಂಬ ಸಮಜಾಯಿಷಿಯನ್ನು ಪೂರ್ತಿ ತಳ್ಳಿಹಾಕುವಂತಿಲ್ಲ. ಹೊಸ ದನಿಗಳು ಕೇಳುಗರನ್ನು ತಲುಪುವುದು ಹೀಗೂ ಹೌದು. ಹೆಸರೇ ಗೊತ್ತಾಗದಿದ್ದರೆ ಪ್ರಚಾರ ಯಾರದು? ದೇವರ ಹಾಡಿಗೆ ಕೂಲಿ ಕೇಳುವುದು ಸಲ್ಲದೆಂಬ ಇನ್ನೊಂದು ವಾದವನ್ನು, ಅದೇ ಹಾಡಿನಿಂದ ಜಾಹೀರಾತಿನ ಹಣ ಎಣಿಸುವವರು ಆಡದಿರುವುದು ಲೇಸು. ಯಾವ ನಿಮಿಷಕ್ಕೆ ಯಾರ ಯಾವ ಹಾಡು ಎಂಬ ಪಟ್ಟಿ ಬರೆಯಲು ಡಿಜೆಗೆ ಅರ್ಧ ಗಂಟೆ ಸಾಕು. ಮಿಶ್ರಣ ಮಾಡಿದಾತನಿಗೆ ಹಾಡುಗಳ ಕ್ರಮ ಬಾಯಿಪಾಠವೇ ಆಗಿರುತ್ತದೆ. ಪಟ್ಟಿ ಇಲ್ಲದ ಮಿಶ್ರಣದ ಕೆಳಗೆ ಕೇಳುಗರು ಅದನ್ನು ಕೇಳಿ ಪಡೆಯಬೇಕು.